ಐರ್ಲೆಂಡಿನ ಸರ್ಕಾರವೂ ನನ್ನ ರಜೆಯೂ

ನಮ್ಮೂರಿನ ಶಾಸಕರು ಯಾರು ಎಂದು ಆಗ ಯಾರಾದರೂ ಕೇಳಿದ್ದರೆ ನಾನು ತಲೆ ಕೆರೆದುಕೊಳ್ಳುತ್ತಿದ್ದೆ. ಆದರೆ ಐರ್ಲೆಂಡಿನ ಸರ್ಕಾರ ಯಾರ ಹೆಗಲ ಮೇಲೆ ನಿಂತಿದೆ, ಯಾವ ಪಕ್ಷೇತರನಿಗೆ ಈ ವಾರ ಸಿಟ್ಟು ಬಂದಿದೆ, ಯಾರು ಯಾರಿಗೆ ಕೈ ಕೊಡಬಹುದು ಎನ್ನುವುದೆಲ್ಲ ನನಗೆ ಬಾಯಿಪಾಠವಾಗಿತ್ತು. ಬಹ್ರೇನಿನ ಗುದೈಬಿಯಾದಲ್ಲಿ ನಾವಿದ್ದ ಕಟ್ಟಡದವರು ನನಗೆ ಮರುಳು ಹಿಡಿದಿದೆ ಎಂದುಕೊಂಡಿದ್ದರು. ಮರುಳು ಹಿಡಿದದ್ದು ನನಗಲ್ಲ. ಎಂಬತ್ತರ ದಶಕದ ಆರಂಭದಲ್ಲಿ ಹದಿನೆಂಟು ತಿಂಗಳೊಳಗೆ ಮೂರು ಸಲ ಮಹಾಚುನಾವಣೆ ಮಾಡಿದ್ದು ಆ ದೇಶ. ಮೂರಕ್ಕೂ ಬೆಲೆ ತೆತ್ತವಳು ನಾನು.

ಮನಾಮಾದ ಒಂದು ಸಣ್ಣ ಖಾಸಗಿ ಆಸ್ಪತ್ರೆಯ ಆಪರೇಷನ್ ಥಿಯೇಟರಿನಲ್ಲಿ ನಾನು ನರ್ಸ್. ನಮ್ಮ ಮೇಟ್ರನ್ ಐರ್ಲೆಂಡಿನವರು. ಐವತ್ತು ದಾಟಿದ್ದರು, ಮದುವೆಯಾಗಿರಲಿಲ್ಲ, ಕೆಂಪು ಮುಖ, ನಡೆದರೆ ನೆಲ ಅದುರಬೇಕು. ಥಿಯೇಟರಿನ ಕೆಲಸ ಪೂರ್ತಿ ಗೊತ್ತಿದ್ದವರು ಇಬ್ಬರೇ, ಅವರು ಮತ್ತು ನಾನು. ಆದ್ದರಿಂದ ಇಬ್ಬರಲ್ಲಿ ಒಬ್ಬರು ಯಾವಾಗಲೂ ಡ್ಯೂಟಿಯಲ್ಲಿ ಇರಲೇಬೇಕು ಎಂದು ನಿಯಮ. ನನ್ನ ಗಂಡ ಸನದ್‌ನ ಒಂದು ವರ್ಕ್‌ಶಾಪಿನಲ್ಲಿ ಏಸಿ ಮೆಕ್ಯಾನಿಕ್. ಇಬ್ಬರಿಗೂ ಹೊತ್ತುಗೊತ್ತಿಲ್ಲದ ಕೆಲಸ, ಇರಲು ಒಂದೇ ಕೋಣೆ. ಹಾಗಾಗಿ ಹತ್ತು ತಿಂಗಳ ಮಗಳನ್ನು ಉಡುಪಿ ಹತ್ತಿರದ ನಮ್ಮೂರಿನಲ್ಲಿ ಅಮ್ಮನ ಹಾಗೂ ತಂಗಿಯ ಕೈಗೆ ಕೊಟ್ಟು ಬಂದಿದ್ದೆ. ಎರಡು ವರ್ಷಕ್ಕೊಮ್ಮೆ ಆರು ವಾರದ ರಜೆ. ಆ ಆರು ವಾರ ಸಿಗುತ್ತದೆ ಎನ್ನುವ ಒಂದೇ ಕಾರಣಕ್ಕೆ ನಾನು ಬೆಳಿಗ್ಗೆ ಎದ್ದು ಸೀರೆ ಬಿಚ್ಚಿ ಯೂನಿಫಾರ್ಮ್ ಹಾಕುತ್ತಿದ್ದೆ.

ಎರಡು ವರ್ಷ ತುಂಬಿತು. ರಜೆ ಮಂಜೂರಾಯಿತು. ಸೂಟ್‌ಕೇಸಿನಲ್ಲಿ ಹಾಲಿನ ಪುಡಿಯ ಡಬ್ಬಿ, ಅಮ್ಮನಿಗೆ ಸೀರೆ, ತಂಗಿಗೆ ವಾಚು, ಮಗಳಿಗೆ ಗುಲಾಬಿ ಬಣ್ಣದ ಶೂ ಎಲ್ಲ ತುಂಬಿ, ಮುಚ್ಚಳ ಹಾಕಲು ಗಂಡನನ್ನು ಮೇಲೆ ಕೂರಿಸಿದ್ದೆ. ಮರುದಿನ ಮೇಟ್ರನ್ ನನ್ನನ್ನು ಕೋಣೆಗೆ ಕರೆದರು. ಅವರ ದೇಶದಲ್ಲಿ ಚುನಾವಣೆ ಘೋಷಣೆಯಾಗಿದೆಯಂತೆ. ಅವರ ತಮ್ಮ ನಿಂತಿದ್ದಾನಂತೆ. ಅಪ್ಪ ಕೂತಿದ್ದ ಸೀಟು, ಅಪ್ಪ ತೀರಿಕೊಂಡಿದ್ದಾರೆ, ಈಗ ತಮ್ಮನ ಸರದಿ. ಮನೆಯ ಹೆಣ್ಣುಮಗಳು ಬಾಗಿಲು ಬಾಗಿಲಿಗೆ ಹೋಗದಿದ್ದರೆ ಊರವರು ಏನೆಂದುಕೊಂಡಾರು? ಮೂರು ವಾರ ಹೋಗಿಬರುತ್ತೇನೆ, ನಿನ್ನ ರಜೆ ಸ್ವಲ್ಪ ಮುಂದಕ್ಕೆ ಹಾಕೋಣ ಸಿಸ್ಟರ್ ಎಂದರು. ಕೇಳಿದ್ದಲ್ಲ, ಹೇಳಿದ್ದು.

ಕೈಗೆ ಬಂದ ತುತ್ತು ಬಾಯಿಗೆ ಬರಲಿಲ್ಲ. ನನಗೆ ಬಂದ ಸಿಟ್ಟಿಗೆ ಆ ದಿನ ಮೂರು ಸ್ಟೀಲ್ ಟ್ರೇಗಳು ನನ್ನ ಕೈಯಿಂದ ನೆಲಕ್ಕೆ ಬಿದ್ದವು. ಕೈ ಜಾರಿತು ಎಂದೆ.

ನನಗೆ ಅರ್ಥವಾಗದ್ದು ಇನ್ನೊಂದು. ಅವರಿಗೆ ಓಟೇ ಇರಲಿಲ್ಲ! ಪರದೇಶದಲ್ಲಿ ಕೆಲಸಕ್ಕೆ ಇದ್ದವರಿಗೆ ಆ ದೇಶ ಓಟು ಕೊಡುತ್ತಿರಲಿಲ್ಲ. ಓಟಿಲ್ಲದ ಹೆಂಗಸು ಓಟು ಕೇಳಲು ಅಷ್ಟು ದೂರ ಹಾರುವುದು. ಆ ಮನೆಯ ರಾಜಕೀಯವೆಂದರೆ ಹಾಗೆಯೇ ಇತ್ತು. ಊರಲ್ಲಿ ಯಾರು ಸತ್ತರೂ ಶವಯಾತ್ರೆಗೆ ತಮ್ಮ ಹೋಗುತ್ತಿದ್ದ. ಅಕ್ಕ ಬಹ್ರೇನಿನಿಂದ ಸಂತಾಪದ ಕಾರ್ಡು ಕಳಿಸುತ್ತಿದ್ದರು. ಆ ಕಾರ್ಡುಗಳಿಗೆ ವಿಳಾಸ ಬರೆಯುವವಳು ನಾನು, ನನ್ನ ಅಕ್ಷರ ದುಂಡಗೆ ಎಂಬ ಅಪರಾಧಕ್ಕೆ. ನಮ್ಮೂರ ಪುಢಾರಿಗಳು ಕರೆಯದಿದ್ದರೂ ಬೊಜ್ಜದ, ಅಂದರೆ ಉತ್ತರಕ್ರಿಯೆಯ, ಊಟಕ್ಕೆ ಬಂದು ಎರಡು ಸಲ ಪಾಯಸ ಹಾಕಿಸಿಕೊಳ್ಳುವುದನ್ನು ನೋಡಿದ್ದ ನನಗೆ ಇದು ಹೊಸತೇನಲ್ಲ. ಸತ್ತವರ ಮನೆಯ ಓಟು ಗಟ್ಟಿ ಓಟು ಎನ್ನುವುದು ಅಲ್ಲಿಯೂ ಗೊತ್ತಿತ್ತು.

ಪಕ್ಷಗಳ ಹೆಸರು ಮಾತ್ರ ನನ್ನ ನಾಲಿಗೆಗೆ ಹೊಂದಲಿಲ್ಲ. ದೊಡ್ಡವು ಎರಡು. ಎರಡಕ್ಕೂ ಏನು ವ್ಯತ್ಯಾಸ ಎಂದು ಕೇಳಿದೆ. ಮೇಟ್ರನ್ ಬಹಳ ಹೊತ್ತು ಯೋಚಿಸಿ, ಅರವತ್ತು ವರ್ಷದ ಹಿಂದೆ ಅಜ್ಜಂದಿರು ಇಂಗ್ಲಿಷರೊಡನೆ ಮಾಡಿಕೊಂಡ ಒಂದು ಒಪ್ಪಂದದ ಬಗ್ಗೆ ಬಂದೂಕು ಹಿಡಿದು ಹೊಡೆದಾಡಿದ್ದರು, ಒಬ್ಬರು ಆ ಕಡೆ ಇನ್ನೊಬ್ಬರು ಈ ಕಡೆ ಎಂದರು. ಸರಿ, ಈಗ? ಈಗ ಏನಿಲ್ಲ, ಆದರೆ ನಮ್ಮ ಮನೆಯಲ್ಲಿ ಅವರಿಗೆ ಯಾರೂ ಓಟು ಹಾಕಿದವರಿಲ್ಲ, ಹಾಕಿದರೆ ಅಜ್ಜ ಗೋರಿಯಿಂದ ಎದ್ದು ಬರುತ್ತಾರೆ ಎಂದರು. ನನಗೆ ತಕ್ಷಣ ತಿಳಿಯಿತು. ಯಕ್ಷಗಾನದ ತೆಂಕು ಮತ್ತು ಬಡಗು. ಹೊರಗಿನವರಿಗೆ ಎರಡೂ ಚೆಂಡೆ, ಎರಡೂ ಕುಣಿತ. ಒಳಗಿನವರನ್ನು ಕೇಳಿ ನೋಡಿ, ಊಟ ಬಿಟ್ಟು ಜಗಳ ಮಾಡುತ್ತಾರೆ. ಅಂದಿನಿಂದ ತಮ್ಮನ ಪಕ್ಷಕ್ಕೆ ನಾನು ತೆಂಕು ಎಂದೂ ಎದುರಿನದಕ್ಕೆ ಬಡಗು ಎಂದೂ ಹೆಸರಿಟ್ಟೆ. ನನ್ನ ಗಂಡನೂ ಹಾಗೆಯೇ ಕರೆಯತೊಡಗಿದ.

ಗೆದ್ದರೆ ಮೇಟ್ರನ್ ಖುಷಿಯಲ್ಲಿ ಬಂದು ನನ್ನನ್ನು ಕೂಡಲೇ ಕಳಿಸುತ್ತಾರೆ ಎಂಬ ಲೆಕ್ಕಾಚಾರದಲ್ಲಿ ನಾನು ಅಮ್ಮನಿಗೆ ಕಾಗದ ಬರೆದೆ. ನಮ್ಮ ದೇವಸ್ಥಾನದಲ್ಲಿ ಒಂದು ಹೂವಿನ ಪೂಜೆ ಹೇಳಿಕೊಳ್ಳಿ, ಮೇಟ್ರನ್ನರ ತಮ್ಮ ಗೆಲ್ಲಬೇಕು ಎಂದು. ಅಮ್ಮ ಪ್ರಶ್ನೆ ಕೇಳುವವಳಲ್ಲ, ಹೇಳಿಕೊಂಡಳು. ತಮ್ಮ ಗೆದ್ದ. ಬರೀ ಗೆದ್ದದ್ದಲ್ಲ, ತೆಂಕಿನವರು ಒಂದು ಸಣ್ಣ ಪಕ್ಷವನ್ನು ಸೇರಿಸಿಕೊಂಡು ಸರ್ಕಾರವನ್ನೂ ಕಟ್ಟಿದರು.

ಮೇಟ್ರನ್ ಬಂದವರೇ ಥಿಯೇಟರಿನಲ್ಲಿ ನನ್ನನ್ನು ನಿಲ್ಲಿಸಿ ತಮ್ಮ ಗೆದ್ದದ್ದು ಹೇಗೆ ಎಂದು ವಿವರಿಸಿದರು. ನಮ್ಮಲ್ಲಾದರೆ ಒಂದು ಸೀಲು ಒತ್ತಿದರೆ ಮುಗಿಯಿತು. ಅಲ್ಲಿ ಹಾಗಲ್ಲ. ಚೀಟಿಯಲ್ಲಿ ಎಲ್ಲ ಅಭ್ಯರ್ಥಿಗಳ ಮುಂದೆ ಒಂದು, ಎರಡು, ಮೂರು ಎಂದು ಇಷ್ಟದ ಕ್ರಮದಲ್ಲಿ ಬರೆಯಬೇಕು. ಒಂದೇ ಕ್ಷೇತ್ರಕ್ಕೆ ನಾಲ್ಕೈದು ಸೀಟು. ಮೊದಲು ಎಲ್ಲರ ಒಂದನೇ ನಂಬರು ಎಣಿಸುತ್ತಾರೆ. ಯಾರಿಗಾದರೂ ಬೇಕಾದದ್ದಕ್ಕಿಂತ ಹೆಚ್ಚು ಬಂದರೆ ಆ ಹೆಚ್ಚುವರಿ ಓಟು ಎರಡನೇ ನಂಬರಿನವರಿಗೆ. ಎಲ್ಲರಿಗಿಂತ ಕೆಳಗಿದ್ದವನನ್ನು ಹೊರಗೆ ಹಾಕುತ್ತಾರೆ, ಅವನ ಚೀಟಿಗಳೂ ಅದರಲ್ಲಿ ಬರೆದ ಮುಂದಿನವರಿಗೆ. ಹೀಗೆ ಎಣಿಸುತ್ತಾ ಎಣಿಸುತ್ತಾ ದಿನಗಟ್ಟಲೆ. ಮೇಟ್ರನ್ ಐದು ಟ್ರೇ ಇಟ್ಟು, ಹತ್ತಿಯ ಉಂಡೆಗಳನ್ನು ಒಂದರಿಂದ ಒಂದಕ್ಕೆ ದಾಟಿಸಿ ತೋರಿಸಿದರು. ಆಪರೇಷನ್ ಮುಗಿದು ಹೊಟ್ಟೆ ಹೊಲಿಯುವ ಮೊದಲು ಒಂದೊಂದು ಹತ್ತಿಯುಂಡೆ ಎಣಿಸಿ ಒಪ್ಪಿಸುವವಳು ನಾನು, ಎಣಿಕೆ ನನಗೆ ಬೇಗ ಹತ್ತಿತು. ತಮ್ಮ ಮೊದಲ ಎಣಿಕೆಯಲ್ಲಿ ಆರನೆಯವನು. ಕೊನೆಯ ಎಣಿಕೆಯಲ್ಲಿ ಗೆದ್ದ. ಎಲ್ಲರೂ ಅವನನ್ನು ಎರಡನೆಯವನು, ಮೂರನೆಯವನು ಎಂದು ಬರೆದಿದ್ದರಂತೆ. ಯಾರಿಗೂ ತೀರಾ ಬೇಕಾದವನಲ್ಲ, ಯಾರಿಗೂ ಬೇಡವಾದವನೂ ಅಲ್ಲ.

ಸರಿ, ನನ್ನ ರಜೆ? ಮೇಟ್ರನ್ ಗೋಡೆಯ ಚಾರ್ಟ್ ತೋರಿಸಿದರು. ಬೇಸಿಗೆಗೆ ಎಲ್ಲರೂ ಮೊದಲೇ ಹೆಸರು ಬರೆಸಿದ್ದಾರೆ, ಚಳಿಗಾಲಕ್ಕೆ ಇನ್ನು ಕೆಲವರು, ನೀನು ಫೆಬ್ರವರಿಯಲ್ಲಿ ಹೋಗು. ದೇವರು ಕೊಟ್ಟರೂ ಪೂಜಾರಿ ಕೊಡ ಎನ್ನುವುದು ನಿಜ. ಅಮ್ಮ ಹೂವಿನ ಪೂಜೆ ಮಾಡಿಸಿ ಪ್ರಸಾದ ಕಳಿಸಿದಳು. ಅದನ್ನು ಮೇಟ್ರನ್ನರಿಗೂ ಕೊಟ್ಟೆ. ಹಣೆಗೆ ಹಚ್ಚಬೇಕಾದ ಗಂಧವನ್ನು ಅವರು ಮೂಸಿ, ಚೆನ್ನಾಗಿದೆ ಎಂದು ಮೇಜಿನ ಡ್ರಾವರಿಗೆ ಹಾಕಿದರು.

ಫೆಬ್ರವರಿ ಹತ್ತಿರ ಬಂತು. ಸೂಟ್‌ಕೇಸ್ ಮತ್ತೆ ತೆಗೆದೆ. ಶೂ ಅಷ್ಟರಲ್ಲಿ ಚಿಕ್ಕದಾಗಿರುತ್ತದೆ ಎಂದು ಹೊಸ ಜೋಡಿ ತಂದೆ. ಆ ವಾರವೇ ಐರ್ಲೆಂಡಿನ ಸರ್ಕಾರ ಬಿತ್ತು. ಯಾಕೆ ಬಿತ್ತು ಗೊತ್ತೇ? ಮಕ್ಕಳ ಶೂಗೆ ತೆರಿಗೆ ಹಾಕಲು ಹೊರಟು! ಬಜೆಟ್ಟಿನಲ್ಲಿ ಹಾಗೆ ಬರೆದಿದ್ದರಂತೆ, ಒಬ್ಬಿಬ್ಬರು ಪಕ್ಷೇತರರು ಒಪ್ಪಲಿಲ್ಲವಂತೆ. ಮಕ್ಕಳ ಶೂ ಬಿಟ್ಟುಬಿಟ್ಟರೆ ಸಣ್ಣ ಪಾದದ ಹೆಂಗಸರೂ ಅದನ್ನೇ ಕೊಂಡು ತೆರಿಗೆ ತಪ್ಪಿಸುತ್ತಾರೆ ಎಂದು ಯಾರೋ ಸಮಜಾಯಿಷಿ ಬೇರೆ ಕೊಟ್ಟರಂತೆ. ನಾನು ಮಂಚದ ಮೇಲೆ ಎರಡು ಜೋಡಿ ಶೂ ಇಟ್ಟುಕೊಂಡು ಕುಳಿತು ನಕ್ಕೆ. ನಕ್ಕದ್ದು ಎಷ್ಟು ಹೊತ್ತು ಎಂದರೆ ನನ್ನ ಗಂಡನಿಗೆ ಹೆದರಿಕೆಯಾಯಿತು.

"ಎಂತ ಆಯ್ತು ನಿಂಗೆ?" ಎಂದ.

"ಶೂಗೆ ಸರ್ಕಾರ ಬಿತ್ತು ಮಾರಾಯ್ರೆ. ನನ್ನ ರಜೆಯೂ ಬಿತ್ತು."

ಮೇಟ್ರನ್ ಮತ್ತೆ ಹಾರಿದರು. ಆಗ ನನಗೆ ನನ್ನ ತಪ್ಪು ತಿಳಿಯಿತು. ತಮ್ಮ ಗೆಲ್ಲಲಿ ಎಂದು ಕೇಳಿದ್ದೇ ತಪ್ಪು. ಯಾರು ಬೇಕಾದರೂ ಗೆಲ್ಲಲಿ, ಸರ್ಕಾರ ಐದು ವರ್ಷ ಅಲ್ಲಾಡದೆ ನಿಲ್ಲಲಿ ಎಂದು ಕೇಳಬೇಕಿತ್ತು. ದೇವರಾದರೂ ಕೇಳಿದ್ದನ್ನು ತಾನೇ ಕೊಡುವುದು? ಅಮ್ಮನಿಗೆ ಮತ್ತೆ ಬರೆದೆ, ಈ ಸಲ ಹೂವಿನ ಪೂಜೆ ಸಾಲದು, ರಂಗಪೂಜೆಯೇ ಹೇಳಿಕೊಳ್ಳಿ, ಐರ್ಲೆಂಡಿನ ಸರ್ಕಾರ ಗಟ್ಟಿ ನಿಲ್ಲಬೇಕು ಎಂದು ಸರಿಯಾಗಿ ಹೇಳಿ. ಅಮ್ಮನ ಉತ್ತರ ನನ್ನ ಬಳಿ ಬಹಳ ವರ್ಷ ಇತ್ತು. ಭಟ್ಟರು ಸಂಕಲ್ಪಕ್ಕೆ ಗೋತ್ರ ಕೇಳಿದರಂತೆ. ಐರ್ಲೆಂಡಿನವರ ಗೋತ್ರ ಅಮ್ಮನಿಗೆ ಗೊತ್ತಿರಲಿಲ್ಲ, ನಮ್ಮದೇ ಹೇಳಿದಳಂತೆ. ನಕ್ಷತ್ರ ಕೇಳಿದ್ದಕ್ಕೆ ನನ್ನದು ಕೊಟ್ಟಳಂತೆ. ನಿನ್ನ ನಕ್ಷತ್ರಕ್ಕೆ ಈ ವರ್ಷ ಶನಿಕಾಟ ಉಂಟು, ಆ ಸರ್ಕಾರಕ್ಕೆ ತಾಗದಿದ್ದರೆ ಸಾಕು ಎಂದು ಬರೆದಿದ್ದಳು.

ತಾಗಿತು. ತಮ್ಮ ಸೋತ, ಬಡಗಿನವರು ಬಂದರು, ಅವರಿಗೂ ಬಹುಮತ ಇರಲಿಲ್ಲ. ಅತ್ತೆಗೊಂದು ಕಾಲ, ಸೊಸೆಗೊಂದು ಕಾಲ. ಕಳೆದ ಸಲ ತಮ್ಮನಿಗೆ ಎರಡನೇ ನಂಬರು ಬರೆದ ಸಣ್ಣ ಪಕ್ಷದವರು ಈ ಸಲ ಬೇರೆಯವನಿಗೆ ಬರೆದಿದ್ದರು. ಮೇಟ್ರನ್ ಮುಖ ಊದಿಸಿಕೊಂಡು ಬಂದರು. ಯಾವ ಮನೆಯವರು ಕೈ ಕೊಟ್ಟರು ಎಂದು ಬೀದಿ ಬೀದಿ ಲೆಕ್ಕ ಹಾಕುತ್ತಿದ್ದರು. ಕಾರ್ಡು ಕಳಿಸಿದ ಮನೆಯವರೇ ಹೀಗೆ ಮಾಡಿದರೆ ಹೇಗೆ ಸಿಸ್ಟರ್ ಎಂದು ನನ್ನ ಬಳಿ ಹೇಳಿಕೊಂಡರು. ನನ್ನ ರಜೆಗೆ ಚಾರ್ಟಿನಲ್ಲಿ ಉಳಿದದ್ದು ನವೆಂಬರ್.

ಆ ನಡುವೆ ಊರಿನಿಂದ ಬಂದವರ ಕೈಯಲ್ಲಿ ತಂಗಿ ಒಂದು ಕ್ಯಾಸೆಟ್ ಕಳಿಸಿದಳು. ಆಗ ಕಾಗದಕ್ಕಿಂತ ಕ್ಯಾಸೆಟ್ ಹೆಚ್ಚು, ಮಾತನ್ನೇ ತುಂಬಿಸಿ ಕಳಿಸುತ್ತಿದ್ದೆವು. ಅಮ್ಮ ಕೆಮ್ಮಿದ್ದು, ಕೋಳಿ ಕೂಗಿದ್ದು, ದನದ ಗಂಟೆ ಎಲ್ಲ ಕೇಳಿಸಿತು. ಮಧ್ಯದಲ್ಲಿ ತಂಗಿ ಮಗಳಿಗೆ ಹೇಳುತ್ತಿದ್ದಳು.

"ಅಮ್ಮನಿಗೆ ಒಂದು ಪದ್ಯ ಹೇಳು ಮಗಾ."

"ಯಾವ ಅಮ್ಮನಿಗೆ? ಬಹ್ರೇನ್ ಅಮ್ಮನಿಗಾ?"

ಆಮೇಲೆ ಪದ್ಯ ಹೇಳಿದಳು, ಚೆನ್ನಾಗಿ ಹೇಳಿದಳು. ನನಗೆ ಪದ್ಯ ಕೇಳಿಸಲಿಲ್ಲ. ಊರಲ್ಲಿ ಅವಳಿಗೆ ಬರೀ ಅಮ್ಮ ಎಂದರೆ ನನ್ನ ತಂಗಿ. ನಾನು ಹಿಂದೆ ದೇಶದ ಹೆಸರು ಸೇರಿಸಿದರೆ ಮಾತ್ರ ಗುರುತು ಸಿಗುವವಳು. ತಂಗಿಯ ಮೇಲೆ ಹೊಟ್ಟೆಕಿಚ್ಚು, ನನ್ನ ಮೇಲೆ ಸಿಟ್ಟು, ಐರ್ಲೆಂಡಿನ ಮೇಲೆ ಇನ್ನೂ ಸಿಟ್ಟು. ನವೆಂಬರಿನಲ್ಲಿ ಹೋಗದಿದ್ದರೆ ಇವಳು ನನಗೆ ಮಗಳಾಗಿ ಉಳಿಯುವುದಿಲ್ಲ ಎಂದು ನನಗೆ ಸ್ಪಷ್ಟವಾಯಿತು. ಅಂದಿನಿಂದ ದಿನಾ ಬೆಳಿಗ್ಗೆ ಚಹಾ ಕುದಿಯುವಾಗ ಲಂಡನ್ನಿನ ರೇಡಿಯೋ ಹಾಕಿ ಕಿವಿ ಕೊಡುವುದು ನನ್ನ ಅಭ್ಯಾಸವಾಯಿತು. ಬಡಗಿನ ಸರ್ಕಾರಕ್ಕೆ ಒಂದು ಸೀನು ಬಂದರೂ ನನಗೆ ಜ್ವರ ಬರುತ್ತಿತ್ತು.

ನವೆಂಬರ್ ಬಂತು. ರಜೆಯ ಅರ್ಜಿಗೆ ಮೇಟ್ರನ್ನರ ಸಹಿ ಬೀಳುವುದೊಂದೇ ಬಾಕಿ. ಸಹಿಯಾಗಬೇಕಾದ ದಿನ ಬೆಳಿಗ್ಗೆ ಐದಕ್ಕೆ ರೇಡಿಯೋ ಹೇಳಿತು, ಐರ್ಲೆಂಡಿನ ಸರ್ಕಾರ ವಿಶ್ವಾಸ ಮತದಲ್ಲಿ ಬಿದ್ದಿದೆ ಎಂದು.

ಚಹಾ ಉಕ್ಕಿ ಸ್ಟವ್ ಆರಿತು. ನಾನು ಅದನ್ನು ಹಾಗೇ ಬಿಟ್ಟು ಟ್ಯಾಕ್ಸಿ ಹಿಡಿದೆ. ಮೇಟ್ರನ್ ಉಮ್ ಅಲ್ ಹಸ್ಸಮ್‌ನ ಕ್ವಾರ್ಟರ್ಸಿನಿಂದ ಏಳಕ್ಕೆ ಬರುತ್ತಿದ್ದರು. ಅವರ ಮನೆಯಲ್ಲಿ ಬೆಳಿಗ್ಗೆ ರೇಡಿಯೋ ಹಾಕುವ ಕ್ರಮವಿರಲಿಲ್ಲ. ಸುದ್ದಿ ಅವರಿಗೆ ತಲುಪುವ ಮೊದಲು ಸಹಿ ಹಾಕಿಸಿಕೊಳ್ಳಬೇಕು. ಊರಿಗೆ ಬಂದವಳು ನೀರಿಗೆ ಬರದೇ ಇರುತ್ತಾಳೆಯೇ, ಗೊತ್ತಾಗಿಯೇ ಆಗುತ್ತದೆ, ಆದರೆ ಸಹಿಯಾದ ಮೇಲೆ ಗೊತ್ತಾಗಲಿ. ಅವರ ಕೋಣೆಯ ಬಾಗಿಲಿನಲ್ಲಿ ಅರ್ಜಿ ಹಿಡಿದು ನಿಂತೆ. ಅವರು ಬಂದರು, ಕನ್ನಡಕ ಹಾಕಿದರು, ಪೆನ್ನು ತೆಗೆದರು. ಆಮೇಲೆ ನನ್ನ ಮುಖ ನೋಡಿ, ಇವತ್ತು ಏನಾದರೂ ವಿಶೇಷ ಸುದ್ದಿ ಉಂಟೇ ಸಿಸ್ಟರ್ ಎಂದು ಕೇಳಿದರು.

"ಏನೂ ಇಲ್ಲ ಮೇಟ್ರನ್," ಎಂದೆ.

ಸಹಿ ಹಾಕಿದರು.

ಅರ್ಜಿಯನ್ನು ಆಫೀಸಿಗೆ ಕೊಟ್ಟು ಬಂದು ಎರಡು ಆಪರೇಷನ್ನಿಗೆ ನಿಂತೆ. ನನ್ನ ಮೇಲೆ ನನಗೇ ಅಸಹ್ಯವಾಗತೊಡಗಿತು. ಹದಿನೈದು ವರ್ಷದ ಕೆಲಸದಲ್ಲಿ ನಾನು ಎಣಿಕೆ ತಪ್ಪಿ ಹೇಳಿದವಳಲ್ಲ. ಒಂದು ಹತ್ತಿಯುಂಡೆ ಕಾಣದಿದ್ದರೆ ಸರ್ಜನ್ ಬೈದರೂ ಹೊಲಿಯಲು ಬಿಡದವಳು. ಈಗ ಕಣ್ಣಲ್ಲಿ ಕಣ್ಣಿಟ್ಟು ಸುಳ್ಳು ಹೇಳಿದ್ದೆ. ಮಧ್ಯಾಹ್ನ ಊಟಕ್ಕೆ ಹೋಗದೆ ನೇರ ಅವರ ಕೋಣೆಗೆ ಹೋಗಿ, ಬೆಳಿಗ್ಗೆ ಸುದ್ದಿ ಇತ್ತು ಮೇಟ್ರನ್, ನಿಮ್ಮ ಸರ್ಕಾರ ಬಿದ್ದಿದೆ, ನಾನು ಮುಚ್ಚಿಟ್ಟೆ, ಬೇಕಾದರೆ ಅರ್ಜಿ ಹರಿದುಹಾಕಿ ಎಂದೆ. ಹೇಳುತ್ತಾ ಹೇಳುತ್ತಾ ಅತ್ತೇ ಬಿಟ್ಟೆ.

ಮೇಟ್ರನ್ ನಿಧಾನವಾಗಿ ಸ್ಯಾಂಡ್‌ವಿಚ್ ಕಾಗದ ಮಡಚಿದರು. "ನನಗೆ ಗೊತ್ತಿತ್ತು. ತಮ್ಮ ನಸುಕಿನಲ್ಲೇ ಫೋನ್ ಮಾಡಿದ್ದ," ಎಂದರು. "ನಿನ್ನ ಮುಖ ನೋಡಿದಾಗ ನಿನಗೂ ಗೊತ್ತು ಅಂತ ಗೊತ್ತಾಯಿತು. ಎರಡು ಸಲ ನಾನು ನಡೆದದ್ದಾಯಿತು. ಈ ಸಲ ಅವನ ಹೆಂಡತಿ ನಡೆಯಲಿ, ಅವಳ ಕಾಲು ಗಟ್ಟಿ ಉಂಟು."

ಹಾಗೆ ನಾನು ಊರಿಗೆ ಹೋದೆ.

ಬೊಂಬಾಯಿಯಿಂದ ಬಸ್ಸಿನಲ್ಲಿ ಬಂದು ಮನೆಯ ಅಂಗಳಕ್ಕೆ ಕಾಲಿಟ್ಟಾಗ ನಾಲ್ಕು ವರ್ಷ ದಾಟಿದ ಹುಡುಗಿಯೊಬ್ಬಳು ತಂಗಿಯ ಸೊಂಟದ ಹಿಂದೆ ಅಡಗಿ ನನ್ನ ಸೂಟ್‌ಕೇಸನ್ನು ನೋಡುತ್ತಿದ್ದಳು. ನನ್ನನ್ನಲ್ಲ, ಸೂಟ್‌ಕೇಸನ್ನು. ಮೂರನೇ ದಿನ ನೆರೆಮನೆಯ ದೊಡ್ಡಮ್ಮ ಬಂದರು. ನಮ್ಮ ಕಡೆ ಮಕ್ಕಳನ್ನು ಕಂಡರೆ ಒಂದು ಪ್ರಶ್ನೆ ಕೇಳದೆ ಯಾರಿಗೂ ಸಮಾಧಾನವಿಲ್ಲ.

"ನಿಂಗೆ ಯಾರು ಇಷ್ಟ ಮಗಾ? ಚಿಕ್ಕಮ್ಮನಾ, ಅಮ್ಮನಾ?"

ಮಗಳು ಬೆರಳು ಮಡಚಿದಳು. ಮೊದಲು ಅಮ್ಮ, ಎಂದರೆ ನನ್ನ ತಂಗಿ. ಅಲ್ಲಿಗೆ ನಿಲ್ಲಿಸಿದ್ದರೆ ಸಾಕಿತ್ತು, ಅವಳು ಪ್ರಾಮಾಣಿಕಳು, ಮುಂದುವರಿಸಿದಳು. ಆಮೇಲೆ ಅಜ್ಜಿ. ಆಮೇಲೆ ಕರು. ಸ್ವಲ್ಪ ಯೋಚಿಸಿ ನಾಲ್ಕನೇ ಬೆರಳು ಮಡಚಿ ಬಹ್ರೇನ್ ಅಮ್ಮ ಎಂದಳು. ಎಲ್ಲರೂ ನಕ್ಕರು. ನಾನೂ ನಕ್ಕೆ. ಆಮೇಲೆ ಕೊಟ್ಟಿಗೆಗೆ ಹೋಗಿ ಆ ಕರುವನ್ನು ಬಹಳ ಹೊತ್ತು ನೋಡಿದೆ. ಬಿಳಿ ಹಣೆಯ ಚಂದದ ಕರು. ಅದರ ಮೇಲೆ ನನಗೆ ನಿಜವಾಗಿ ದ್ವೇಷ ಬಂತು, ಹೇಳಿಕೊಳ್ಳಲು ನಾಚಿಕೆಯಿಲ್ಲ.

ಆರು ವಾರ ನಾನು ಮಾಡಿದ ಪ್ರಚಾರ ಯಾವ ಪುಢಾರಿಯೂ ಮಾಡಿರಲಿಕ್ಕಿಲ್ಲ. ತಲೆ ಬಾಚಿದೆ, ದೋಸೆಗೆ ಬೆಲ್ಲ ಹಾಕಿದೆ, ಕಡಲಿಗೆ ಕರೆದುಕೊಂಡು ಹೋದೆ, ಕರುವಿನ ಮೈ ಕೂಡ ತೊಳೆದೆ. ತಂಗಿ ಪಾಪ, ಬೇಕೆಂದೇ ದೂರ ಉಳಿದು, ಅಮ್ಮನ ಹತ್ರ ಕೇಳು, ಅಮ್ಮನ ಹತ್ರ ಕೇಳು ಎನ್ನುತ್ತಿದ್ದಳು. ಐದನೇ ವಾರ ಮಗಳು ಕೇಳದೆಯೇ ನನ್ನ ಪಕ್ಕದಲ್ಲಿ ಬಂದು ಮಲಗಿದಳು. ಕರುವನ್ನು ದಾಟಿದ್ದೆ ಎಂದುಕೊಂಡೆ. ಆರನೇ ವಾರ ರಜೆ ಮುಗಿಯಿತು. ಬಸ್ಸು ಹೊರಟಾಗ ಅವಳು ಅಳಲಿಲ್ಲ. ತಂಗಿಯ ಕಂಕುಳಲ್ಲಿ ಕೂತು ಟಾಟಾ ಮಾಡಿದಳು, ಅಭ್ಯಾಸವಿದ್ದವಳ ಹಾಗೆ. ನಾನು ಬೊಂಬಾಯಿಯವರೆಗೂ ಅತ್ತೆ.

ಬಹ್ರೇನಿಗೆ ಬಂದು ಡ್ಯೂಟಿಗೆ ಸೇರಿದ ದಿನ ಮೇಟ್ರನ್ ಥಿಯೇಟರಿನಲ್ಲಿ ಒಬ್ಬರೇ ಕತ್ತರಿ ಜೋಡಿಸುತ್ತಿದ್ದರು. ತಮ್ಮ ಗೆದ್ದನೇ ಎಂದು ಕೇಳಿದೆ. ಗೆದ್ದನಂತೆ. ಮೊದಲ ಎಣಿಕೆಯಲ್ಲೇ, ಎಲ್ಲರಿಗಿಂತ ಮೇಲೆ. ತೆಂಕಿನವರಿಗೆ ಈ ಸಲ ಜೊತೆಯವರೂ ಸೇರಿ ಒಳ್ಳೆಯ ಬಹುಮತ, ಸರ್ಕಾರ ಸುಲಭಕ್ಕೆ ಬೀಳುವುದಿಲ್ಲ. ಹೇಳುವಾಗ ಅವರ ಮುಖದಲ್ಲಿ ಗೆದ್ದ ಕಳೆಯಿರಲಿಲ್ಲ. ಎರಡು ಸಲ ಚಪ್ಪಲಿ ಸವೆಸಿದೆ, ಒಮ್ಮೆ ಕೂದಲೆಳೆಯಲ್ಲಿ ಗೆದ್ದ, ಒಮ್ಮೆ ಸೋತ, ನಾನು ಹೋಗದಿದ್ದಾಗ ದಂಡಿಯಾಗಿ ಗೆದ್ದ, ಅಲ್ಲಿ ನನ್ನನ್ನು ಯಾರೂ ಕೇಳಲೇ ಇಲ್ಲವಂತೆ ಸಿಸ್ಟರ್ ಎಂದರು. ನಾನು ಕರುವಿನ ಕತೆ ಹೇಳಿದೆ. ಅವರಿಗೆ ನಗು ಬಂತು. ನನಗೂ ಬಂತು. ಇಬ್ಬರೂ ಮಾಸ್ಕ್ ಕಟ್ಟಿಕೊಂಡೇ ಕಣ್ಣಲ್ಲಿ ನೀರು ಬರುವವರೆಗೆ ನಕ್ಕೆವು.

ಆಮೇಲೆ ಅವರು ನಗು ನಿಲ್ಲಿಸಿ ಹೇಳಿದರು. "ಮೊದಲ ಎಣಿಕೆಯಲ್ಲಿ ನಾಲ್ಕನೆಯವಳು ಅಂದರೆ ಸೋತ ಹಾಗೆ ಅಲ್ಲ. ಆದರೆ ಎಣಿಕೆ ನಡೆಯುವಲ್ಲಿ ನೀನು ಇರಬೇಕು. ಇಲ್ಲಿ ನಿಂತು ಏನು ಮಾಡುತ್ತೀ?"

ಆ ಸಂಜೆ ಗಂಡನೊಡನೆ ಮಾತಾಡಿದೆ. ಅವನು, ನೀನು ಹೋಗು, ನಾನು ಇನ್ನೆರಡು ವರ್ಷ ಇರುತ್ತೇನೆ ಎಂದ. ಮರುದಿನ ಬೆಳಿಗ್ಗೆ ಮೇಟ್ರನ್ನರ ಮೇಜಿನ ಮೇಲೆ ರಾಜೀನಾಮೆ ಇಟ್ಟೆ. ನನ್ನ ರಜೆಗೆ ಹದಿನೆಂಟು ತಿಂಗಳು ಸಹಿ ಹಾಕದ ಹೆಂಗಸು ಅದಕ್ಕೆ ಅರ್ಧ ನಿಮಿಷದಲ್ಲಿ ಸಹಿ ಹಾಕಿದರು. ಪೆನ್ನು ಮುಚ್ಚಿ, ಇನ್ನು ಈ ಥಿಯೇಟರಿನಲ್ಲಿ ನಾನು ನಂಬುವ ಹಾಗೆ ಎಣಿಕೆ ಒಪ್ಪಿಸುವವರು ಯಾರು ಎಂದು ಕೇಳಿದರು. ನಾನು ಉತ್ತರ ಹೇಳುವ ಮೊದಲೇ ಮುಖ ಆ ಕಡೆ ತಿರುಗಿಸಿಕೊಂಡು ಅತ್ತರು.